ಹಿರಿಯರು ಬಂದರೆಂದು ಎದ್ದವಳು

ಕಾಗದದಲ್ಲಿ ಬರೆದಿದ್ದು ಒಂದೇ ಸಾಲು. "ಕ್ರೀಡಾಪಟು ಯಾರ ನೆರವೂ ಇಲ್ಲದೆ ಎದ್ದು ನಿಂತಳು." ಹೌದಪ್ಪಾ, ನಿಂತಳು. ನಾನೇ ಕಣ್ಣಾರೆ ನೋಡಿದೆ. ಅವಳಿಗೆ ನಿಲ್ಲುವುದನ್ನು ಕಲಿಸಿದವಳೂ ನಾನೇ. ಆದರೆ ಯಾಕೆ ನಿಂತಳು, ಹೇಗೆ ನಿಂತಳು ಅಂತ ಅದನ್ನು ಬರೆದವರಲ್ಲಿ ಒಬ್ಬರಾದರೂ ಕೇಳಿದರೇ? ಕೇಳಿದ್ದರೆ ನಾನು ಹೀಗೆ ಹಲ್ಲು ಕಡಿಯುತ್ತಾ ಕೂತು ಇದನ್ನೆಲ್ಲ ಹೇಳಬೇಕಾಗಿರಲಿಲ್ಲ.

ನಾನು ಶಫೀಕಾ. ತಾಜಿಕರ ನಾಡಿನ ವಹ್ದತ್ ಪಟ್ಟಣದಲ್ಲಿ, ರೈಲು ಹಳಿಯ ಆಚೆಗಿನ ನಮ್ಮ ಅಫ್ಘಾನರ ಓಣಿಯಲ್ಲಿ ಹೊಲಿಗೆ ಅಂಗಡಿ ಇಟ್ಟಿದ್ದೇನೆ. ಓಣಿಯ ಮಕ್ಕಳಿಗೆಲ್ಲ ನಾನು ಖಾಲಾ, ಅಂದರೆ ಚಿಕ್ಕಮ್ಮ. ಬಾಯಿ ಜೋರು ಅಂತ ಹೆಸರು. ಹೆಸರೇನೂ ಸುಳ್ಳಲ್ಲ. ನಿಲಾಬ್ ನಮ್ಮ ಓಣಿಯಲ್ಲಿ ತಂದೂರಿ ರೊಟ್ಟಿ ಸುಡುವ ಇಮಾಮುದ್ದೀನನ ಒಬ್ಬಳೇ ಮಗಳು. ಈಗ ಅವಳಿಗೆ ಇಪ್ಪತ್ತೇಳು. ಕುರ್ಚಿಯಲ್ಲಿ ಕೂತುಕೊಂಡು ಮೂರು ಕೆಜಿ ಕಬ್ಬಿಣದ ಗುಂಡನ್ನು ಸುಮಾರು ಏಳು ಮೀಟರ್ ದೂರ ಎಸೆಯುತ್ತಾಳೆ.

ಅವಳ ಕಾಲು ಹೋದದ್ದು ಪಂಜ್ ನದಿಯ ನಡುಗಡ್ಡೆಯಲ್ಲಿ, ಮೂರು ವರ್ಷದವಳಿದ್ದಾಗ. ಹಿಂದಿನ ಅಫ್ಘಾನ್ ದಡದಲ್ಲಿ ಯುದ್ಧದವರು ನಮ್ಮ ಊರಿಗೆ ಬೆಂಕಿ ಇಟ್ಟರು, ಮುಂದಿನ ತಾಜಿಕ್ ದಡದಲ್ಲಿ ಗಡಿ ಸಿಪಾಯಿಗಳು ಬಂದೂಕು ಹಿಡಿದು ನಿಂತು ಒಳಗೆ ಬಿಡಲಿಲ್ಲ. ನಡುವೆ ಜೊಂಡು, ಕೆಸರು, ಸೊಳ್ಳೆ, ನಾವು. ಒಂದು ಚಳಿಗಾಲ ಮತ್ತು ಒಂದು ಬೇಸಿಗೆ ಅಲ್ಲೇ ಕಳೆದೆವು. ಮಗುವಿಗೆ ಜ್ವರ ಬಂತು, ನಾಲ್ಕನೇ ದಿನ ಬಿಟ್ಟಿತು, ಆಮೇಲೆ ಎರಡು ಕಾಲೂ ಅಲ್ಲಾಡಲಿಲ್ಲ. ಅದು ಪೋಲಿಯೊ ಅಂತ ನಮಗೆ ಗೊತ್ತಾದದ್ದು ಎರಡು ವರ್ಷದ ನಂತರ. ಬಾಯಿಗೆ ಎರಡು ಹನಿ ಹಾಕಿದ್ದರೆ ಸಾಕಿತ್ತಂತೆ. ಎರಡು ಹನಿ! ಅಷ್ಟು ದೊಡ್ಡ ನದಿಯಲ್ಲಿ ಎರಡು ಹನಿ ಔಷಧಿ ತರುವುದಕ್ಕೆ ಒಂದು ದೋಣಿ ಬರಲಿಲ್ಲ. ಅದೇ ಬೇಸಿಗೆಯಲ್ಲಿ ಅವಳ ತಾಯಿಯೂ ತೀರಿಕೊಂಡಳು. ತಾಯಿ ನನ್ನ ಜೀವದ ಗೆಳತಿ. ಅವಳನ್ನು ಆ ಕೆಸರಿನಲ್ಲೇ ಮಣ್ಣು ಮಾಡಿದೆವು. ಮಗು ನನ್ನ ಮಡಿಲಿಗೆ ಬಂತು.

ಕೊನೆಗೂ ವಹ್ದತ್‌ಗೆ ಬಂದು ನೆಲೆ ನಿಂತೆವು. ನಿಲಾಬ್‌ಗೆ ಏಳು ವರ್ಷವಾಗಿದ್ದಾಗ ಒಂದು ಮದುವೆ ಮಾತುಕತೆಯಲ್ಲಿ ಹಿರಿಯರೊಬ್ಬರು ಒಳಗೆ ಬಂದರು. ಕೋಣೆಯಲ್ಲಿದ್ದವರೆಲ್ಲ ಎದ್ದರು, ಇವಳು ಗೋಡೆಗೊರಗಿ ಕೂತೇ ಇದ್ದಳು. ಪಕ್ಕದ ಹೆಂಗಸು "ಅಯ್ಯೋ ಬಿಡಿ, ಕುಂಟಿ ಪಾಪ" ಅಂದಳು. ನನಗೆ ಮೈಯೆಲ್ಲ ಉರಿಯಿತು. ಬೇರೆ ಹುಡುಗಿಯಾಗಿದ್ದರೆ ಕಿವಿ ಹಿಂಡುತ್ತಿದ್ದರು, ಮನೆಯಲ್ಲಿ ಕಲಿಸಲಿಲ್ಲವೇ ಅಂತ ಕೇಳುತ್ತಿದ್ದರು. ಇವಳನ್ನು ಬೈಯಲೂ ಇಲ್ಲ. ಬೈಯುವಷ್ಟೂ ಅವಳು ಅವರ ಲೆಕ್ಕಕ್ಕಿರಲಿಲ್ಲ.

ಮಾರನೆಯ ದಿನವೇ ಶುರು ಮಾಡಿದೆ. ಎಡಗೈ ಗೋಡೆಗೆ. ಬಲಗೈ ತೊಡೆಯ ಮೇಲೆ, ಮಂಡಿಗಿಂತ ನಾಲ್ಕು ಬೆರಳು ಮೇಲೆ. ಹಾಗೇ ಹಿಂದಕ್ಕೆ ಒತ್ತುತ್ತಾ ಹೋದರೆ ಮಂಡಿ ಹಿಂದಕ್ಕೆ ಬಾಗಿ, ಚಿಲಕ ಬಿದ್ದಂತೆ ಟಕ್ ಅಂತ ಕೂರುತ್ತದೆ. ಮೂಳೆಯ ಮೇಲೆ ಮೂಳೆ. ಅದರಲ್ಲಿ ಕಾಲಿನ ಬಲ ಎಳ್ಳಷ್ಟೂ ಇಲ್ಲ. ಗೋಡೆಯಿಂದ ಕೈ ತೆಗೆದರೆ ಬಿದ್ದಳು ಅಂತಲೇ ಲೆಕ್ಕ. ಬಿದ್ದಳು, ನೂರು ಸಲ ಬಿದ್ದಳು. ನಾನು ಎತ್ತಲಿಲ್ಲ. "ಏಳೇ, ಕುಂಟಿ ಅನ್ನಿಸ್ಕೊಳ್ಳೋಕೆ ಅಷ್ಟು ಆಸೆನಾ ನಿಂಗೆ?" ಅಂತ ಗದರಿದೆ. ಒಂದು ಸಲ ಕೆನ್ನೆಗೆ ಬಾರಿಸಿದೆ ಕೂಡ. ಮೂರು ತಿಂಗಳಲ್ಲಿ ಕಲಿತಳು. ಅಂದಿನಿಂದ ನಮ್ಮ ಓಣಿಯಲ್ಲಿ ಬಿಳಿಗಡ್ಡದವರು ಯಾರೇ ಒಳಗೆ ಬರಲಿ, ಎಲ್ಲರ ಜೊತೆ ನಿಲಾಬ್ ಕೂಡ ಏಳುತ್ತಿದ್ದಳು. ಅವಳ ಅಪ್ಪನಂತೂ ಮಗಳಿಗೆ ಏಳಲು ಸಮಯ ಬೇಕು ಅಂತ ಬಾಗಿಲ ಹೊರಗೆ ಮೂರು ಸಲ ಕೆಮ್ಮಿ, ಸ್ವಲ್ಪ ತಡೆದು, ಆಮೇಲೆ ಒಳಗೆ ಕಾಲಿಡುತ್ತಿದ್ದ. ಇಪ್ಪತ್ತು ವರ್ಷ ಹೀಗೇ ನಡೆಯಿತು.

ಗುಂಡು ಎಸೆಯುವ ಕತೆ ಶುರುವಾದದ್ದು ಬೈಗುಳದಿಂದ. ಹತ್ತೊಂಬತ್ತರ ವಯಸ್ಸಿಗೆ ಅವಳು ಅಪ್ಪನ ಅಂಗಡಿಯಲ್ಲಿ ಕೂತು ದಿನಕ್ಕೆ ಮೂವತ್ತು ಕಿಲೋ ಹಿಟ್ಟು ನಾದುತ್ತಿದ್ದಳು. ತೋಳು ಪೈಲ್ವಾನನ ತೋಳು. ಒಂದು ದಿನ ಗಿರಾಕಿಯೊಬ್ಬ, ರೊಟ್ಟಿ ತಡವಾಯಿತು ಅಂತ, "ಏನೇ ಕುಂಟಿ, ರೊಟ್ಟಿನೂ ಕುಂಟ್ಕೊಂಡೇ ಬರ್ತಿದೆಯಾ?" ಅಂದ. ಇವಳು ತಕ್ಕಡಿಯ ಎರಡು ಕಿಲೋ ಕಲ್ಲನ್ನು ಎತ್ತಿ ಬೀಸಿದಳು. ಅದು ಅವನ ಟೋಪಿಯ ಮೇಲಿಂದ ಹಾರಿ, ರಸ್ತೆ ದಾಟಿ, ಎದುರಿನ ಚಹಾದಂಗಡಿಯ ಜಗಲಿಯ ಮೇಲೆ ಒಬ್ಬರ ಚಹಾದ ಕುಡಿಕೆಯನ್ನು ಪುಡಿ ಮಾಡಿತು. ಆ ಒಬ್ಬರೇ ಸಫರ್‌ಮುರೋದ್. ಸ್ಥಳೀಯ ತಾಜಿಕ್, ಹಿಂದೆ ಗುಂಡು ಎಸೆತದಲ್ಲಿ ಹೆಸರು ಮಾಡಿದವರು, ಈಗ ಅಂಗವಿಕಲರಿಗೆ ಆಟ ಕಲಿಸುವವರು. ಎಲ್ಲರೂ ಅವರನ್ನು ಉಸ್ತಾದ್ ಅನ್ನುತ್ತಾರೆ.

ಉಸ್ತಾದ್ ಜಗಳಕ್ಕೆ ಬರುತ್ತಾರೆ ಅಂತ ನಾನು ಕತ್ತರಿ ಹಿಡಿದೇ ಹೊರಗೆ ಬಂದಿದ್ದೆ. ಅವರು ನೋಡಿದರೆ ಹೆಜ್ಜೆಯಿಂದ ರಸ್ತೆ ಅಳೆಯುತ್ತಾ ಬರುತ್ತಿದ್ದಾರೆ.

"ಕೂತೇ ಎಸೆದ್ಯಾ?" ಅಂತ ಕೇಳಿದರು.

"ಮತ್ತೆ ನಿಂತು ಎಸೀಬೇಕಿತ್ತಾ?" ಅಂದಳು ನಿಲಾಬ್.

"ಇನ್ನೊಂದ್ಸಲ ಎಸಿ, ನೋಡೋಣ."

"ಇನ್ನೊಂದು ಕುಡಿಕೆ ತನ್ನಿ, ಎಸೀತೀನಿ."

ಉಸ್ತಾದ್ ನಕ್ಕರು. ಇಮಾಮುದ್ದೀನ್ ಮಾತ್ರ ಹೆಣ್ಣುಮಗಳು ಕಬ್ಬಿಣ ಎಸೆಯುವುದೆಂದರೆ ಹೇಗೆ ಅಂತ ಗೊಣಗಿದ. "ಮೂವತ್ತು ಕಿಲೋ ಹಿಟ್ಟು ನಾದುವಾಗ ನಿಮ್ಮ ಮಗಳು ಹೆಣ್ಣಲ್ವಾ? ಆಗ ಬಾಯಿ ಎಲ್ಲಿಟ್ಟಿದ್ರಿ?" ಅಂದೆ. ಅವನು ಒಲೆಗೆ ರೊಟ್ಟಿ ಬಡಿಯಲು ಹೋದ.

ಎಂಟು ವರ್ಷ ಉಸ್ತಾದ್ ಕೈಕೆಳಗೆ ಅಭ್ಯಾಸ ಮಾಡಿದಳು. ಮೈದಾನ ಇರುವುದು ರಾಜಧಾನಿ ದುಶಾಂಬೆಯಲ್ಲಿ. ನಿರಾಶ್ರಿತರು ಅಲ್ಲಿ ಮನೆ ಮಾಡುವಂತಿಲ್ಲ, ಹಾಗಂತ ಕಾನೂನು. ಹೋಗಬಹುದು, ಬೆವರು ಸುರಿಸಬಹುದು, ತಿರುಗಿ ಬರಬೇಕು. ವಾರಕ್ಕೆ ಮೂರು ದಿನ ಬಾಡಿಗೆ ಕಾರಿನವರ ಕೈಕಾಲು ಹಿಡಿಯಬೇಕು. ಗಾಲಿಕುರ್ಚಿ ಕಂಡರೆ ಸಾಕು, ಜಾಗ ಇಲ್ಲ ಅಂತ ಓಡಿಸಿಕೊಂಡು ಹೋಗುತ್ತಾರೆ. ಅವರಿಗೆ ನಾನು ಹಾಕಿದ ಶಾಪಗಳಲ್ಲಿ ಅರ್ಧ ಫಲಿಸಿದ್ದರೂ ಆ ರಸ್ತೆಯಲ್ಲಿ ಒಂದು ಟೈರು ಉಳಿಯುತ್ತಿರಲಿಲ್ಲ. ಎಸೆಯುವಾಗ ಅವಳನ್ನು ಎತ್ತರದ ಕಬ್ಬಿಣದ ಕುರ್ಚಿಗೆ ಬಿಗಿಯುವ ಪಟ್ಟಿಗಳನ್ನು ನಾನೇ ಹೊಲಿದೆ, ಹಳೆಯ ಲಾರಿಗಳ ಸೀಟಿನ ಪಟ್ಟಿಯಿಂದ, ಮೂರು ಸಾಲು ಹೊಲಿಗೆ ಹಾಕಿ. ಸೊಂಟಕ್ಕೊಂದು, ತೊಡೆಗೆರಡು, ಪಾದಕ್ಕೊಂದು. ಇವತ್ತಿಗೂ ಒಂದು ಎಳೆ ಬಿಚ್ಚಿಲ್ಲ.

ಕಳೆದ ವಸಂತದಲ್ಲಿ ಉಸ್ತಾದ್ ಸುದ್ದಿ ತಂದರು. ದುಶಾಂಬೆಯಲ್ಲೇ ಹಲವು ದೇಶಗಳ ಕೂಟ ನಡೆಯುತ್ತದೆ. ದೇಶವಿಲ್ಲದವರಿಗೂ ಒಂದು ತಂಡ ಇದೆ, ನಿರಾಶ್ರಿತರ ತಂಡ, ಅದಕ್ಕೆ ಅಲ್ಲಿಂದಲೇ ಆರಿಸುತ್ತಾರೆ. ನಿಲಾಬ್‌ಳ ಗುಂಪಿನಲ್ಲಿ ಆರೂವರೆ ಮೀಟರ್ ಎಸೆದರೆ ಸಾಕು. ಅವಳು ದಿನವೂ ಏಳರ ಹತ್ತಿರ ಎಸೆಯುತ್ತಿದ್ದಳು. ಆದರೆ ಮೊದಲು ಪರೀಕ್ಷೆ ಆಗಬೇಕು. ಯಾರಿಗೆ ಎಷ್ಟು ಊನ ಇದೆ ಅಂತ ಮೂವರು ಕೂತು ನೋಡಿ, ಯಾವ ಗುಂಪು ಅಂತ ಹೇಳುತ್ತಾರೆ. ಕಾಲಿನಲ್ಲಿ ಬಲ ಇರುವವರ ಗುಂಪಿಗೆ ಹಾಕಿದರೆ ಕತೆ ಮುಗಿಯಿತು, ಅಲ್ಲಿ ಹತ್ತು ಮೀಟರ್ ಎಸೆಯುವವರಿದ್ದಾರೆ. ಅಂದರೆ ಎಂಟು ವರ್ಷದ ಬೆವರೆಲ್ಲ ಆ ಒಂದು ಕೋಣೆಯಲ್ಲಿ ತೀರ್ಮಾನವಾಗುತ್ತದೆ.

ಜೊತೆಗೆ ಒಬ್ಬರು ಇರಬಹುದು ಅಂದರು, ನಾನು ಹೋದೆ. ಪರೀಕ್ಷಕರಲ್ಲಿ ಬಂದಿದ್ದವರು ಇಬ್ಬರೇ, ಒಬ್ಬ ಹೆಂಗಸು, ಒಬ್ಬ ಗಂಡಸು. ಜೊತೆಗೆ ದುಭಾಷಿಯಾಗಿ ಒಬ್ಬಳು ಕಾಲೇಜು ಹುಡುಗಿ. ನಿಲಾಬ್‌ಳನ್ನು ಮಂಚದ ಮೇಲೆ ಮಲಗಿಸಿ ಕಾಲು ಎತ್ತು ಅಂದರು. ಏಳಲಿಲ್ಲ. ಮಂಡಿ ಮಡಿಸು ಅಂದರು. ಆಗಲಿಲ್ಲ. ಬೆರಳು ಆಡಿಸು ಅಂದರು. ಎಡಗಾಲಿನ ಒಂದು ಬೆರಳು ಅಷ್ಟೇ. ಎಲ್ಲ ಬರೆದುಕೊಂಡರು. ಸರಿಯಾಗಿಯೇ ನಡೆಯುತ್ತಿತ್ತು. ಅವಳನ್ನು ಕುರ್ಚಿಗೆ ಕೂರಿಸಿದೆವು. ಆಗ ಬಾಗಿಲು ತೆರೆಯಿತು.

ಒಳಗೆ ಬಂದವರು ಮೂರನೆಯ ಪರೀಕ್ಷಕರು, ಅವರಲ್ಲೇ ಹಿರಿಯರು. ಎಪ್ಪತ್ತು ದಾಟಿದ ಪರದೇಶದ ವೈದ್ಯರು. ಬೆಳ್ಳಗಿನ ಗಡ್ಡ ಎದೆಯವರೆಗೆ. ನಾನು ಎದ್ದೆ. ದುಭಾಷಿ ಹುಡುಗಿ ಎದ್ದಳು. ಕಣ್ಣು ಮಿಟುಕಿಸುವಷ್ಟರಲ್ಲಿ ನಿಲಾಬ್‌ಳ ಎಡಗೈ ಗೋಡೆಗೆ ಹೋಯಿತು, ಬಲಗೈ ತೊಡೆಗೆ ಹೋಯಿತು, ಮಂಡಿ ಟಕ್ ಅಂದಿತು. ಎದ್ದು ನಿಂತು, ತೊಡೆಯ ಮೇಲಿದ್ದ ಕೈಯನ್ನು ಎದೆಗೆ ತಂದು, ತಲೆ ಬಾಗಿಸಿ ಸಲಾಂ ಹೇಳಿದಳು. ಆ ಮುದುಕ ಏನು ಮಾಡಿದ ಗೊತ್ತೇ? ನಕ್ಕ. ತಾನೂ ಎದೆಯ ಮೇಲೆ ಕೈ ಇಟ್ಟ. "ಕೂತ್ಕೋ ಮಗಳೇ" ಅಂತ ನಮ್ಮ ಭಾಷೆಯಲ್ಲೇ ಹೇಳಿದ, ಅದೊಂದು ಮಾತು ಎಲ್ಲೋ ಕಲಿತಿದ್ದನಂತೆ. ಆಮೇಲೆ ಕನ್ನಡಕ ಹಾಕಿಕೊಂಡು ಕೂತು ಆ ಒಂದು ಸಾಲು ಬರೆದ. ಗೌರವ ಕೊಟ್ಟರೆ ಅದನ್ನು ಕೈ ಚಾಚಿ ತೆಗೆದುಕೊಂಡ, ಅದನ್ನೇ ಅವಳ ಮೇಲೆ ಸಾಕ್ಷಿ ಮಾಡಿದ. ಯಾವ ಸೀಮೆಯ ನ್ಯಾಯ ಇದು?

ಸಂಜೆಗೆ ಕಾಗದ ಕೈಗೆ ಬಂತು. ಕಾಲಿನಲ್ಲಿ ಬಲ ಇರುವವರ ಗುಂಪು. ಉಸ್ತಾದ್ ಓದಿ ಹೇಳಿದಾಗ ನಾನು ಕಿರುಚಿದ್ದು ಮೈದಾನದ ಆಚೆಗೂ ಕೇಳಿಸಿರಬೇಕು.

"ಅವರನ್ನ ಬೈದು ಏನು ಪ್ರಯೋಜನ ಆಪಾ?" ಅಂದರು ಉಸ್ತಾದ್. ಆಪಾ ಅಂದರೆ ಅಕ್ಕ, ನನ್ನನ್ನು ಹಾಗೇ ಕರೆಯುತ್ತಾರೆ. "ಎದ್ದಿದ್ದು ಇವಳು. ಮಂಚದ ಮೇಲೆ ಹೆಣದ ಹಾಗೆ ಬಿದ್ದಿದ್ದ ಕಾಲು, ಯಾರೋ ಬಂದ ಕೂಡ್ಲೆ ನಿಂತಿತು ಅಂದ್ರೆ ಅವರು ಏನಂದ್ಕೋಬೇಕು? ಏನೇ ಹುಡುಗಿ, ಯಾಕೆ ಎದ್ದೆ?"

ನಿಲಾಬ್ ತಲೆ ತಗ್ಗಿಸಿ, "ಹಿರಿಯರು ಬಂದ್ರಲ್ಲ ಉಸ್ತಾದ್" ಅಂದಳು.

ಉಸ್ತಾದ್ ಕಾಗದ ಮಡಿಸಿ ಜೇಬಿಗಿಟ್ಟುಕೊಂಡರು. ಎದ್ದದ್ದು ನಾನು ಕಲಿಸಿದ್ದಕ್ಕೆ. ಆ ಕೆನ್ನೆಗೆ ಹೊಡೆದ ಕೈ ಇದೇ ತಾನೇ? ದಾರಿಯುದ್ದಕ್ಕೂ ಡ್ರೈವರನನ್ನು ಬೈದೆ, ಸರ್ಕಾರವನ್ನು ಬೈದೆ, ಆ ಮುದುಕನ ಗಡ್ಡವನ್ನು ಬೈದೆ. ನನ್ನನ್ನು ಬೈದುಕೊಳ್ಳಬೇಕಾಗಿ ಬಂದಾಗ ಮಾತ್ರ ಬಾಯಿ ಬರಲಿಲ್ಲ.

ಒಂದು ಸಲ ಆಕ್ಷೇಪ ಸಲ್ಲಿಸಬಹುದಿತ್ತು. ಒಂದೇ ಸಲ. ಉಸ್ತಾದ್ ಸಲ್ಲಿಸಿದರು. ಮೂರು ದಿನ ಬಿಟ್ಟು, ಸ್ಪರ್ಧೆಯ ಹಿಂದಿನ ದಿನ, ಮತ್ತೆ ಪರೀಕ್ಷೆ. "ಈ ಸಲ ಬಾದಶಹನೇ ಬರ್ಲಿ, ಹಿಟ್ಟಿನ ಮೂಟೆ ಥರ ಕೂತಿರ್ಬೇಕು, ತಿಳೀತಾ?" ಅಂದರು.

ಹೇಳುವುದು ಸುಲಭ. ಇಪ್ಪತ್ತು ವರ್ಷದ ಅಭ್ಯಾಸ ಮೂರು ದಿನದಲ್ಲಿ ಹೋಗುತ್ತದೆಯೇ? ಅದಕ್ಕೆ ನಾನು ಓಣಿಯ ಮುದುಕರನ್ನೆಲ್ಲ ನನ್ನ ಅಂಗಡಿಗೆ ಕರೆಸಿದೆ. ನಿಲಾಬ್‌ಳನ್ನು ಒಳಗೆ ಕೂರಿಸಿದೆ. ಒಬ್ಬೊಬ್ಬರಾಗಿ ಗಡ್ಡ ನೀವಿಕೊಳ್ಳುತ್ತಾ ಒಳಗೆ ಬರಬೇಕು, ಅವಳು ಏಳಬಾರದು. ಮೊದಲು ಬಂದವರು ಮಾಂಸದಂಗಡಿಯ ಹಾಜಿ ಗೌಸುದ್ದೀನ್. ಇವಳ ಕೈ ಗೋಡೆಗೆ ಹೋಯಿತು. "ಹಾ, ಎದ್ಲು! ಹೊರಗೆ ಹೋಗಿ, ಮತ್ತೆ ಬನ್ನಿ" ಅಂದೆ. ಹಾಜಿಗೆ ಸಿಟ್ಟು ಬಂತು.

"ನಾನು ಬಂದ್ರೆ ಏಳ್ಬಾರ್ದು ಅಂತ ನನ್ನನ್ನೇ ಕರೆಸಿ ಕಲಿಸ್ತೀಯಲ್ಲ ಶಫೀಕಾ, ನಾಚ್ಕೆ ಆಗಲ್ವಾ ನಿಂಗೆ?"

"ಆಗುತ್ತೆ ಹಾಜಿ ಸಾಹೇಬ್ರೇ. ನಾಚ್ಕೆ ಪಟ್ಕೊಂಡೇ ಕರೆಸಿದ್ದೀನಿ. ಹೋಗಿ ಬನ್ನಿ."

ಹನ್ನೊಂದು ಸಲ ಬಂದರು ಪುಣ್ಯಾತ್ಮ. ಹನ್ನೊಂದು ಸಲವೂ ಅವಳ ಕೈ ಹೋಯಿತು. "ಕೈ ತಾನಾಗೇ ಹೋಗುತ್ತೆ ಖಾಲಾ, ನಾನೇನ್ ಮಾಡ್ಲಿ?" ಅಂತ ಅಳತೊಡಗಿದಳು. ಆಗ ನಾನು ಲಾರಿ ಪಟ್ಟಿಯ ಎರಡು ತುಂಡು ಕತ್ತರಿಸಿ, ಅವಳ ಗಾಲಿಕುರ್ಚಿಯ ಸೀಟಿನ ಅಡಿಗೆ ಎರಡು ಕುಣಿಕೆ ಹೊಲಿದೆ. "ಇದರೊಳಗೆ ಕೈ ತೂರಿಸಿ ಹಿಡ್ಕೋ. ಬಿಟ್ರೆ ನಿನ್ನ ಕಾಲು ಮುರೀತೀನಿ" ಅಂದೆ. ಅಳುತ್ತಿದ್ದವಳು ಫಕ್ಕನೆ ನಕ್ಕಳು. "ಮುರೀರಿ ಖಾಲಾ, ಕೇಸು ಗಟ್ಟಿಯಾಗುತ್ತೆ." ಅವಳ ಅಪ್ಪ ಮಾತ್ರ ಆ ಅಭ್ಯಾಸಕ್ಕೆ ಬರಲಿಲ್ಲ. ರಸ್ತೆಯ ಆಚೆ ಒಲೆಯ ಮುಂದೆ ಬೆನ್ನು ತಿರುಗಿಸಿ ನಿಂತಿದ್ದ.

ಎರಡನೇ ಪರೀಕ್ಷೆಗೆ ಅದೇ ಕೋಣೆ, ಅದೇ ಮೂವರು. ಮುದುಕ ಈ ಸಲ ಬೇಕೆಂತಲೇ ಕೊನೆಗೆ ಬಂದ. ನಾನು ಏಳಲಿಲ್ಲ, ನನ್ನ ಜನ್ಮದಲ್ಲಿ ಮೊದಲ ಸಲ. ನಿಲಾಬ್‌ಳ ಕೈಗಳು ಕುಣಿಕೆಯಲ್ಲಿದ್ದವು. ಬೆರಳುಗಳು ರಕ್ತ ಬತ್ತಿ ಬೆಳ್ಳಗಾಗಿದ್ದವು, ಕುತ್ತಿಗೆಯ ನರ ಎದ್ದಿತ್ತು, ಆದರೆ ಕೂತೇ ಇದ್ದಳು. ಅವನು ಅವಳ ಮುಂದೆ ಬಂದು ನಿಂತ. ಆಮೇಲೆ ಏನೋ ಹೇಳಿದ. ದುಭಾಷಿ ಹುಡುಗಿ ಮುಖ ಬಾಡಿಸಿಕೊಂಡು ಹೇಳಿದಳು. "ಮೊನ್ನೆ ಎದ್ರಿ, ಇವತ್ತು ಏಳ್ಲಿಲ್ಲ. ಎರಡರಲ್ಲಿ ಯಾವುದು ನಾಟಕ ಅಂತ ಕೇಳ್ತಿದ್ದಾರೆ."

ನಿಲಾಬ್ ಅವನ ಮುಖವನ್ನೇ ನೋಡಿ ಹೇಳಿದಳು. "ಮೊನ್ನೆ ಒಳಗೆ ಬಂದವರು ನನ್ನ ಕಣ್ಣಿಗೆ ಹಿರಿಯರಾಗಿದ್ರು, ಅದಕ್ಕೆ ಎದ್ದೆ. ಇವತ್ತು ಬಂದವರು ಬರೀ ಪರೀಕ್ಷೆ ಮಾಡೋರು. ಅವರಿಗೆ ನಾನು ಯಾಕೆ ಏಳ್ಲಿ?"

ದುಭಾಷಿ ಹುಡುಗಿ ತಡವರಿಸಿದಳು. "ಇದ್ದಿದ್ದು ಇದ್ದ ಹಾಗೇ ಹೇಳಮ್ಮಾ, ಒಂದಕ್ಷರ ತಿಂದ್ರೂ ನೋಡು" ಅಂದೆ. ಹೇಳಿದಳು. ಮುದುಕನ ಮುಖ ಕೆಂಪಾಯಿತು. ಹಾಗಾದರೆ ಮೊನ್ನೆಯ ಹಾಗೆಯೇ ಎದ್ದು ತೋರಿಸಲಿ ಅಂದ. ಅವಳು ಕುಣಿಕೆಯಿಂದ ಕೈ ಬಿಡಿಸಿ, ಗೋಡೆ ಹಿಡಿದು, ತೊಡೆ ಒತ್ತಿ ನಿಂತಳು. ಆ ಪರೀಕ್ಷಕ ಹೆಂಗಸು ಬಗ್ಗಿ ಮಂಡಿಯನ್ನು ಮುಟ್ಟಿ ನೋಡಿದಳು, ಹಿಂದಕ್ಕೆ ಬಾಗಿದ್ದನ್ನು ಇನ್ನೊಬ್ಬನಿಗೆ ತೋರಿಸಿದಳು. ಅಲ್ಲಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ. ಗೋಡೆಯಿಂದ ಕೈ ತೆಗೆಯಲಿ ಅಂದರು.

"ತೆಗೆದ್ರೆ ಬೀಳ್ತಾಳೆ!" ಅಂತ ನಾನು ಕೂಗಿದೆ. "ಬೀಳೋದನ್ನ ನೋಡ್ಬೇಕಾ ನಿಮಗೆ? ಮೂಳೆ ಮುರಿಯೋ ಸದ್ದು ಕೇಳಿದ್ರೆ ಮಾತ್ರ ನಂಬೋದಾ?"

"ಖಾಲಾ, ಸುಮ್ನಿರಿ" ಅಂದಳು ನಿಲಾಬ್. ಕೈ ತೆಗೆದಳು.

ಬಿದ್ದಳು. ಪಕ್ಕಕ್ಕೆ, ಭುಜ ಊರಿ, ಎಸೆಯುವ ಭುಜವನ್ನೇ ಊರಿ ಬಿದ್ದಳು. ಅಲ್ಲಿ ಮೂವರಿದ್ದರು, ಕೈ ಚಾಚಿದರೆ ಹಿಡಿಯಬಹುದಿತ್ತು. ಒಬ್ಬರೂ ಹಿಡಿಯಲಿಲ್ಲ. ಹೇಗೆ ಬಿದ್ದಳು ಅಂತ ಬರೆದುಕೊಳ್ಳಬೇಕಿತ್ತಲ್ಲ! ನಾನು ಓಡಿ ಹೋಗಿ ತಬ್ಬಿ ಎತ್ತಿದೆ. ಏಳು ವರ್ಷದವಳು ನೂರು ಸಲ ಬಿದ್ದಾಗ ಎತ್ತದೇ ಇದ್ದದ್ದೆಲ್ಲ ಸೇರಿಸಿ ಎತ್ತಿದೆ. ನನ್ನ ಬಾಯಿಂದ ಅವತ್ತು ಬಂದ ಮಾತುಗಳನ್ನು ದುಭಾಷಿ ಹುಡುಗಿ ಯಾವ ಭಾಷೆಗೂ ತಿರುಗಿಸಲಿಲ್ಲ. ಒಳ್ಳೆಯದೇ ಆಯಿತು.

ಅವಳಿಗೆ ಅವಳ ಗುಂಪು ಕೊಟ್ಟರು. ಮಾರನೆಯ ದಿನ, ಊದಿದ ಭುಜದಲ್ಲಿ, ಆರು ಮೀಟರ್ ಎಂಬತ್ತು ಎಸೆದಳು. ಪದಕ ಬರಲಿಲ್ಲ, ನಿರಾಶ್ರಿತರ ತಂಡದಲ್ಲಿ ಹೆಸರು ಬಂತು. ಓಣಿಯವರು ಹಲ್ವಾ ಹಂಚಿದರು. ಹಾಜಿ ಗೌಸುದ್ದೀನ್ ಕುರಿ ಕಡಿದು, ಹನ್ನೊಂದು ಸಲ ಒಳಗೆ ಬಂದದ್ದು ತಾನೇ ಅಂತ ಬಂದವರಿಗೆಲ್ಲ ಹೇಳಿಕೊಂಡರು. ಗುಂಪು ಕೊಟ್ಟ ಹೊಸ ಕಾಗದದ ಕೊನೆಯಲ್ಲಿ ಇನ್ನೊಂದು ಸಾಲಿತ್ತು, ಅದನ್ನು ಉಸ್ತಾದ್ ಎರಡು ದಿನ ಬಿಟ್ಟು ಹೇಳಿದರು. ಈ ತೀರ್ಮಾನ ಒಂದು ವರ್ಷಕ್ಕೆ ಮಾತ್ರ. ಮುಂದಿನ ವರ್ಷ ಬೇರೆ ಮೂವರು ಮತ್ತೆ ನೋಡುತ್ತಾರೆ.

"ಆ ಮೂವರಿಗೆ ಮಂಡಿ ಚಿಲಕದ ಕತೆ ಯಾರು ಹೇಳ್ತಾರೆ?" ಅಂದರು ಉಸ್ತಾದ್. "ಎಲ್ಲರ ಕೈಲೂ ಫೋನಿದೆ. ಒಂದು ಮದುವೆಲಿ, ಒಂದು ಹಬ್ಬದಲ್ಲಿ ಇವಳು ನಿಂತಿರೋದನ್ನ ಯಾರೋ ತೆಗೆದು ಹಾಕಿದ್ರೆ ಮೋಸಗಾರ್ತಿ ಅಂತಾರೆ. ಜನ್ಮಕ್ಕೂ ಹೊರಗೆ ಹಾಕ್ತಾರೆ. ಇನ್ಮೇಲೆ ಯಾರಿಗೂ ಏಳ್ಬೇಡ ಮಗಳೇ. ಮನೇಲೂ ಬೇಡ. ಮನೇಲಿ ಎದ್ರೆ ಹೊರಗೂ ಕೈ ಹೋಗುತ್ತೆ."

ಹಾಗೆ ನಮ್ಮ ಓಣಿಯಲ್ಲಿ ನಿಲಾಬ್ ಏಳುವುದು ನಿಂತಿತು. ಬೇರೆ ಓಣಿಯವರು ತಂಡಕ್ಕೆ ಸೇರಿದ ಮೇಲೆ ಸೊಕ್ಕು ಬಂತು ಅನ್ನುತ್ತಾರೆ. ಅವರ ಮನೆ ಬಾಗಿಲಿಗೇ ಹೋಗಿ ಜಗಳ ಆಡಿ ಬಂದಿದ್ದೇನೆ. ನನಗೂ ಅರವತ್ತೆರಡು, ನಾನು ಹೋದಾಗಲೂ ಅವಳು ಕೂತೇ ಇರುತ್ತಾಳೆ, ಕೈ ಕುಣಿಕೆಯಲ್ಲಿ. ನನಗೆ ಅದರ ಚಿಂತೆ ಇಲ್ಲ. ನನ್ನ ಹೊಟ್ಟೆ ಉರಿಯುವುದು ಇಮಾಮುದ್ದೀನನನ್ನು ನೋಡಿದಾಗ.

ಅವನಿಗೀಗ ಎಪ್ಪತ್ತನಾಲ್ಕು. ಒಲೆಗೆ ಬಗ್ಗಿ ಬಗ್ಗಿ ಸೊಂಟ ಹೋಗಿದೆ, ಮಂಡಿ ಸವೆದಿದೆ. ಮೊದಲ ವಾರ ಅವನು ಎಂದಿನಂತೆ ಮೂರು ಸಲ ಕೆಮ್ಮಿ ಒಳಗೆ ಬಂದ. ಮಗಳು ಏಳಲಿಲ್ಲ. ಅಪ್ಪನ ಮುಖ ನೋಡಲಾರದೆ ತಲೆ ತಗ್ಗಿಸಿ ಕುಣಿಕೆ ಹಿಡಿದು ಕೂತಿದ್ದಳು, ಊಟ ಬಿಟ್ಟಳು. ಈಗ ಅವನು ಕೆಮ್ಮುವುದಿಲ್ಲ. ನಿನ್ನೆ ನಾನು ಅಲ್ಲೇ ಇದ್ದೆ, ಕಣ್ಣಾರೆ ಕಂಡೆ. ಹೊಸ್ತಿಲಿನ ಆಚೆ ಗೋಡೆ ಹಿಡಿದು, ನರಳುತ್ತಾ, ಮೆಲ್ಲಗೆ ನೆಲಕ್ಕೆ ಕೂತ. ಕೂತೇ, ಎರಡು ಕೈ ಊರಿ ತೆವಳಿಕೊಂಡು ಒಳಗೆ ಬಂದ. ನನಗೆ ಆ ಪರೀಕ್ಷಕರನ್ನು ಕುತ್ತಿಗೆ ಹಿಡಿದು ಎಳೆದು ತಂದು, ಇದನ್ನೂ ಬರೆದುಕೊಳ್ಳಿ ಅನ್ನಬೇಕು ಅನಿಸಿತು.

"ಬಾಬಾ, ಹೀಗೆ ಬರ್ಬೇಡಿ ಬಾಬಾ" ಅಂತ ನಿಲಾಬ್ ಬಿಕ್ಕಿದಳು.

ಅವನು ಅವಳ ಕಾಲ ಹತ್ತಿರ ಬಂದು, ಕೈಗೆ ಅಂಟಿದ ಹಿಟ್ಟು ಒರೆಸಿಕೊಂಡ. "ಕೂತ್ಕೋ ಮಗಳೇ, ಕೂತ್ಕೋ. ನಾನು ನಿಂತ್ಕೊಂಡೇ ಇಲ್ವಲ್ಲ."